ಗೇಣುದ್ದದ ಕಡ್ಡಿ

ನೆರೆಮನೆಯ ಅಂಗಳದಲ್ಲಿ ಹೊಸ ಬಣ್ಣದ ದಾಸವಾಳವನ್ನೋ ದುಂಡುಮಲ್ಲಿಗೆಯ ಪೊದೆಯನ್ನೋ ಕಂಡ ನಮ್ಮ ಕಡೆಯ ಹೆಣ್ಣುಮಕ್ಕಳು, ‘ಅಕ್ಕಾ, ಇದರದೊಂದು ಕಡ್ಡಿ ಕೊಡ್ರೀ’ ಎಂದು ಕೇಳುವುದುಂಟು. ಬೀಜ ಕೊಡಿರೆಂದು ಯಾರೂ ಕೇಳುವುದಿಲ್ಲ. ಕೇಳಿದ ಕಡ್ಡಿಯನ್ನು ಇಲ್ಲವೆನ್ನುವ ಮನೆಯೂ ಅಪರೂಪವೇ. ಒದ್ದೆ ಬಟ್ಟೆಯ ಚೂರಿನಲ್ಲಿ ಸುತ್ತಿಕೊಂಡ ಆ ಕಡ್ಡಿ ಊರಿಂದೂರಿಗೆ ಪಯಣ ಮಾಡುತ್ತದೆ. ಬಚ್ಚಲ ನೀರು ಹರಿಯುವೆಡೆ ನೆಲಕ್ಕೆ ಊರಿದರೆ ಮಳೆಗಾಲ ಮುಗಿಯುವ ಹೊತ್ತಿಗೆ ಚಿಗುರಿ ನಿಂತಿರುತ್ತದೆ. ಹೂವಿನ ವಿಷಯದಲ್ಲಿ ಇಷ್ಟು ಸಲೀಸಾಗಿ ನಡೆದುಬಂದಿರುವ ಈ ಕೊಡುಕೊಳ್ಳುವಿಕೆ ಹಣ್ಣಿನ ಗಿಡದ ಮಾತು ಬಂದೊಡನೆ ನಿಂತುಹೋಗುವುದೇಕೆ? ಹಣ್ಣಿನ ಗಿಡವೆಂದರೆ ನರ್ಸರಿಗೆ ಹೋಗಿ ಹಣ ಕೊಟ್ಟು ತರತಕ್ಕದ್ದು, ಇಲ್ಲವೆ ತಿಂದು ಉಗಿದ ಬೀಜದಿಂದ ತಾನಾಗಿ ಹುಟ್ಟತಕ್ಕದ್ದು ಎಂಬ ಭಾವನೆ ನಮ್ಮಲ್ಲಿ ಬೇರೂರಿದೆ. ಈ ಎರಡರ ನಡುವೆ ಮೂರನೆಯ ದಾರಿಯೊಂದುಂಟು. ಅದು ಹಳೆಯದು, ಖರ್ಚಿಲ್ಲದ್ದು, ಮನೆಯ ಹಿತ್ತಿಲಿನಲ್ಲಿಯೇ ಸಾಗತಕ್ಕದ್ದು. ಇಂದಿನ ನನ್ನ ಮಾತು ಆ ದಾರಿಯನ್ನು ಕುರಿತದ್ದು.

ನಾನು ಮುಖ್ಯವಾಗಿ ಮನಸ್ಸಿನಲ್ಲಿಟ್ಟುಕೊಂಡಿರುವುದು ಚನ್ನಗಿರಿ, ಹೊನ್ನಾಳಿ, ನ್ಯಾಮತಿ, ಜಗಳೂರು ಎಂಬ ನಾಲ್ಕು ತಾಲ್ಲೂಕುಗಳನ್ನು. ಇವು ಸಹ ಒಂದು ಬಗೆಯಲ್ಲಿ ಕಡ್ಡಿ ಕತ್ತರಿಸಿ ನೆಟ್ಟವೇ ಆಗಿವೆ. 1997ರಲ್ಲಿ ದಾವಣಗೆರೆ ಜಿಲ್ಲೆಯನ್ನು ರಚಿಸಿದಾಗ ಚನ್ನಗಿರಿ ಮತ್ತು ಹೊನ್ನಾಳಿಯನ್ನು ಶಿವಮೊಗ್ಗೆಯಿಂದಲೂ ಜಗಳೂರನ್ನು ಚಿತ್ರದುರ್ಗದಿಂದಲೂ ತೆಗೆದು ಇಲ್ಲಿ ನೆಟ್ಟರು. ನ್ಯಾಮತಿಯಂತೂ ಹೊನ್ನಾಳಿಯ ಮೈಯಿಂದಲೇ ಕತ್ತರಿಸಿದ ಕೊಂಬೆ. ಅದು ಬೇರೆ ತಾಲ್ಲೂಕಾದದ್ದು ತೀರ ಇತ್ತೀಚೆಗೆ. ಒಂದೇ ಜಿಲ್ಲೆಯೊಳಗೆ ಮಲೆನಾಡಿನ ಸೆರಗೂ ಉಂಟು, ಅಪ್ಪಟ ಬಯಲುಸೀಮೆಯೂ ಉಂಟು. ಚನ್ನಗಿರಿಯಲ್ಲಿ ಸೂಳೆಕೆರೆಯ ನೀರು, ಭದ್ರಾ ನಾಲೆಯ ನೀರು. ಹೊನ್ನಾಳಿಗೆ ತುಂಗಭದ್ರೆಯ ಮಗ್ಗುಲು. ನ್ಯಾಮತಿಗೆ ಮಲೆನಾಡಿನ ಮೋಡಗಳ ನೆರಳು. ಜಗಳೂರಿಗೆ ಮಾತ್ರ ಆಕಾಶವೇ ಗತಿ. ಮಣ್ಣು ಬೇರೆ, ಮಳೆ ಬೇರೆ, ಗಾಳಿ ಬೇರೆ. ಆದರೆ ಕಡ್ಡಿ ನೆಡುವ ಕೈಗೆಲಸ ಮಾತ್ರ ನಾಲ್ಕೂ ಕಡೆ ಹೊಸದಲ್ಲ.

ಕಬ್ಬನ್ನು ನಾವು ತುಂಡಿನಿಂದ ಬೆಳೆಯುತ್ತೇವೆ. ಎಲೆಬಳ್ಳಿಯನ್ನು ಕುಡಿಯಿಂದ ಹಬ್ಬಿಸುತ್ತೇವೆ. ಅಡಿಕೆ ಮರಕ್ಕೆ ಹಬ್ಬಿಸುವ ಮೆಣಸಿನ ಬಳ್ಳಿಯೂ ತುಂಡಿನಿಂದಲೇ ಬಂದದ್ದು. ಬೇಲಿಗೆ ನೆಟ್ಟ ಹಾಲವಾಣದ ಗೂಟ ತಾನೇ ಮರವಾಗುತ್ತದೆ. ನುಗ್ಗೆಯ ಕೊಂಬೆಯನ್ನು ಕಡಿದು ಮೂಲೆಯಲ್ಲಿ ನಿಲ್ಲಿಸಿದರೆ ಮರುವರ್ಷ ಸಾರಿಗೆ ಕಾಯಿ ಸಿಗುತ್ತದೆ. ರೇಷ್ಮೆ ಬೆಳೆಯುವವರ ಹಿಪ್ಪುನೇರಳೆ ತೋಟವೆಂದರೆ ಕಡ್ಡಿಗಳ ಸಾಲೇ ಹೊರತು ಬೇರೆಯಲ್ಲ. ಹೀಗೆ ಕೈಗೆ ಪಳಗಿದ ವಿದ್ಯೆಯೊಂದು ಇದ್ದೂ, ಅದನ್ನು ದಾಳಿಂಬೆ, ಅಂಜೂರ, ದ್ರಾಕ್ಷಿ, ಮಾದಲಗಳವರೆಗೆ ನಾವು ಒಯ್ಯಲಿಲ್ಲ.

ಇದಕ್ಕೊಂದು ಕಾರಣವನ್ನು ಊಹಿಸಬಹುದು. ಚನ್ನಗಿರಿಯ ಸುತ್ತಿನ ಬದುಕನ್ನು ಆಳುವ ಮರ ಅಡಿಕೆ. ಆ ಮರಕ್ಕೆ ಬೀಜದ ಹೊರತು ಬೇರೆ ದಾರಿಯಿಲ್ಲ. ದಾಳಿಂಬೆಯಂಥ ಗಿಡದ ತೊಗಟೆಗೂ ಕಟ್ಟಿಗೆಗೂ ನಡುವೆ ಕ್ಯಾಂಬಿಯಂ ಎಂಬ ತೆಳುವಾದ ಹಸಿ ಪದರವಿದೆ. ಮರ ದಪ್ಪವಾಗುವುದು ಅದರಿಂದ, ಗಾಯ ಮಾಯುವುದು ಅದರಿಂದ, ಕತ್ತರಿಸಿದ ತುಂಡಿನಲ್ಲಿ ಹೊಸ ಬೇರಿಗೆ ಅಂಕುರಾರ್ಪಣೆಯಾಗುವುದೂ ಅದರ ಆಸುಪಾಸಿನಿಂದಲೇ. ಅಡಿಕೆ, ತೆಂಗುಗಳಂಥ ತಾಳೆಯ ಜಾತಿಗೆ ಈ ಪದರವಿಲ್ಲ. ಇರುವುದು ನೆತ್ತಿಯಲ್ಲೊಂದು ಸುಳಿ. ಸುಳಿ ಹೋದರೆ ಮರ ಹೋಯಿತು. ಆದ್ದರಿಂದ ಅಡಿಕೆಯ ನಾಡಿನಲ್ಲಿ ‘ಒಳ್ಳೆಯ ಮರದ ಗೋಟು ಆರಿಸು, ಸಸಿ ಮಾಡು’ ಎಂಬುದೇ ತೋಟಗಾರಿಕೆಯ ಮೊದಲ ಪಾಠವಾಯಿತು. ಹಣ್ಣಿನ ಮರಕ್ಕೂ ಅದೇ ಪಾಠವನ್ನು ನಾವು ಅನ್ವಯಿಸಿಕೊಂಡೆವೋ ಏನೋ. ಆದರೆ ಹಣ್ಣಿನ ಮರದ ಶಾಸ್ತ್ರವೇ ಬೇರೆ.

ಬೀಜವೆಂದರೆ ಸಂತಾನ; ಕಡ್ಡಿಯೆಂದರೆ ಮುಂದುವರಿಕೆ. ಬೀಜಕ್ಕೆ ತಾಯಿಯೂ ಉಂಟು, ತಂದೆಯೂ ಉಂಟು. ದುಂಬಿ ಎಲ್ಲಿಂದಲೋ ಹೊತ್ತು ತಂದ ಪರಾಗದ ಗುಣವೆಲ್ಲ ಅದರಲ್ಲಿ ಬೆರೆತಿರುತ್ತದೆ. ಸಿಹಿಯಾದ ದಾಳಿಂಬೆಯ ಬೀಜ ಬಿತ್ತಿ, ಮೂರು ನಾಲ್ಕು ವರ್ಷ ನೀರೆರೆದು, ಕೊನೆಗೆ ಹುಳಿ ಹಣ್ಣನ್ನು ಕೊಯ್ದವರು ಹಲವರಿದ್ದಾರೆ. ಅದು ಬೀಜದ ದೋಷವಲ್ಲ, ಸ್ವಭಾವ. ಮಗು ತಾಯಿಯಂತೆಯೇ ಇರಬೇಕೆಂಬ ನಿಯಮ ಎಲ್ಲಿದೆ? ಕಡ್ಡಿಯದಾದರೋ ಹಾಗಲ್ಲ. ಅದು ಮರದ ಮಗುವಲ್ಲ, ಮರವೇ. ಸ್ಥಳ ಬದಲಾಯಿಸಿದ, ಎರಡನೆಯ ಬಾರಿ ಬೇರು ಬಿಟ್ಟ ಅದೇ ಮರ. ಹಣ್ಣಿನ ಬಣ್ಣ, ರುಚಿ, ಕಾಲ ಎಲ್ಲವೂ ಅದೇ. ಫಲ ಕೊಡುವ ವಯಸ್ಸಿಗೆ ಬಂದ ಕೊಂಬೆಯಿಂದ ತೆಗೆದದ್ದಾದ್ದರಿಂದ ಬೀಜದ ಗಿಡದಂತೆ ಅದು ಮತ್ತೆ ಬಾಲ್ಯವನ್ನು ಕಳೆಯಬೇಕಾಗಿಲ್ಲ; ಬೇಗ ಹೂ ಬಿಡುತ್ತದೆ.

ಹಾಗೆಂದು ಬೀಜವನ್ನು ಹಳಿಯಬೇಕಾಗಿಲ್ಲ. ಹೊಸದು ಹುಟ್ಟುವುದು ಬೀಜದಿಂದಲೇ. ಪುಣೆಯ ಗಣೇಶಖಿಂಡ್ ಪ್ರಯೋಗ ಕ್ಷೇತ್ರದಲ್ಲಿ ಜಿ. ಎಸ್. ಚೀಮಾ ಅವರು 1936ರಲ್ಲಿ ‘ಆಳಂದಿ’ ದಾಳಿಂಬೆಯ ಸಸಿಗಳ ನಡುವಿನಿಂದ ಒಂದು ಗಿಡವನ್ನು ಆರಿಸಿದರು. ಮೆತ್ತನೆಯ ಬೀಜದ, ಸಿಹಿ ರಸದ ಆ ಗಿಡವೇ ಮುಂದೆ ‘ಗಣೇಶ’ ಎಂಬ ಹೆಸರಿನಿಂದ ದಖ್ಖನಿನ ಒಣಭೂಮಿಯನ್ನೆಲ್ಲ ವ್ಯಾಪಿಸಿತು. ಇಂದು ಎಲ್ಲೆಡೆ ಕಾಣುವ ‘ಭಗವಾ’ ಅದರ ವಂಶದಲ್ಲಿ ಹುಟ್ಟಿದ್ದು. ಆರಿಸಿದ್ದು ಬೀಜದ ಸಸಿಯನ್ನು. ಆದರೆ ಆ ಒಂದು ಸಸಿ ಊರೂರಿನ ತೋಟವಾದದ್ದು ಕಡ್ಡಿಯಿಂದ ಮತ್ತು ಗೂಟಿಯಿಂದ. ಬೀಜ ಹುಡುಕಿಕೊಡುತ್ತದೆ, ಕಡ್ಡಿ ಉಳಿಸಿಕೊಡುತ್ತದೆ. ಇಲ್ಲಿ ಲಿಂಬೆಯದೊಂದು ಅಪವಾದವನ್ನು ಹೇಳಲೇಬೇಕು. ನಾವು ನಿತ್ಯ ಬಳಸುವ ಸಣ್ಣ ಲಿಂಬೆಯ ಒಂದು ಬೀಜದೊಳಗೆ ಹಲವು ಭ್ರೂಣಗಳಿರುತ್ತವೆ. ಅವುಗಳಲ್ಲಿ ಹೆಚ್ಚಿನವು ಪರಾಗದ ಹಂಗಿಲ್ಲದೆ ತಾಯಿಯ ಅಂಗಾಂಶದಿಂದಲೇ ಮೂಡಿದವು. ಆದ್ದರಿಂದ ಲಿಂಬೆಯನ್ನು ಬೀಜದಿಂದ ಬೆಳೆದರೂ ಬಹುಮಟ್ಟಿಗೆ ತಾಯಿಗುಣವೇ ಬರುತ್ತದೆ.

ಅಂಜೂರದ ಕಥೆ ಇದಕ್ಕೆ ತೀರ ವಿರುದ್ಧವಾದದ್ದು. ಅಂಜೂರದ ಹಣ್ಣನ್ನು ಒಡೆದರೆ ನೂರಾರು ಬೀಜಗಳು ಕಾಣುತ್ತವೆ. ಆದರೆ ನಮ್ಮಲ್ಲಿ ಬೆಳೆಯುವ ಸಾಮಾನ್ಯ ಅಂಜೂರ ಪರಾಗಸ್ಪರ್ಶವಿಲ್ಲದೆ ಹಣ್ಣಾಗುವಂಥದು; ಅದರ ಹೂಗಳಿಗೆ ಪರಾಗ ಒಯ್ಯುವ ಪುಟ್ಟ ಕಣಜವಿಲ್ಲದೆಡೆ ಆ ಬೀಜಗಳೆಲ್ಲ ಟೊಳ್ಳು. ಬಿತ್ತಿದರೆ ಹುಟ್ಟುವುದಿಲ್ಲ. ಶ್ರೀರಂಗಪಟ್ಟಣದ ಬಳಿಯ ಗಂಜಾಮಿನ ಹೆಸರು ಹೊತ್ತ ಅಂಜೂರವುಂಟು, ಬಳ್ಳಾರಿಯ ಹೆಸರಿನ ಅಂಜೂರವುಂಟು. ಇವುಗಳಲ್ಲಿ ಒಂದೊಂದು ಗಿಡವೂ ಯಾವನೋ ಒಬ್ಬ ಮನುಷ್ಯ ಹಿಂದಿನ ಗಿಡದಿಂದ ಕಡ್ಡಿ ಕತ್ತರಿಸಿ ನೆಟ್ಟದ್ದರಿಂದಲೇ ಇದೆ. ಹಕ್ಕಿ ಅದನ್ನು ಹರಡಲಾರದು, ಗಾಳಿ ಹಾರಿಸಲಾರದು, ನೀರು ತೇಲಿಸಲಾರದು. ಕೈಯಿಂದ ಕೈಗೆ ಬಂದ ಒಂದು ಸರಪಳಿ ಅದು. ಯಾವುದೋ ಒಂದು ತಲೆಮಾರಿನಲ್ಲಿ ಯಾರೂ ಕಡ್ಡಿ ತೆಗೆಯದೆ ಹೋದರೆ ಅಲ್ಲಿಗೆ ಆ ತಳಿ ಮುಗಿಯಿತು. ಗ್ರಂಥವನ್ನು ಪ್ರತಿ ಮಾಡುವವರಿಲ್ಲದಿದ್ದರೆ ಓಲೆಗರಿಯ ಕಾವ್ಯಕ್ಕೆ ಆಗುತ್ತಿದ್ದ ಗತಿಯೇ ಅದಕ್ಕೂ.

ಸರಪಳಿ ತುಂಡಾಗದಿದ್ದರೆ ಅದು ಎಷ್ಟು ದೂರ ಬರಬಲ್ಲದೆಂಬುದಕ್ಕೆ ಅಂಜೂರದ ದಾಯಾದಿಯಾದ ಅಶ್ವತ್ಥವೇ ಸಾಕ್ಷಿ. ಅಶೋಕನ ಮಗಳು ಸಂಘಮಿತ್ತೆ ಕ್ರಿಸ್ತಪೂರ್ವ ಮೂರನೆಯ ಶತಮಾನದಲ್ಲಿ ಬುದ್ಧಗಯೆಯ ಬೋಧಿವೃಕ್ಷದ ಕೊಂಬೆಯೊಂದನ್ನು ಸಿಂಹಳಕ್ಕೆ ಒಯ್ದಳೆಂದು ‘ಮಹಾವಂಸ’ ಹೇಳುತ್ತದೆ. ಅನುರಾಧಪುರದಲ್ಲಿ ನೆಟ್ಟ ಆ ಮರಕ್ಕೆ ಜನ ಇಂದಿಗೂ ಪೂಜೆ ಸಲ್ಲಿಸುತ್ತಿದ್ದಾರೆ. ಬುದ್ಧಗಯೆಯಲ್ಲಿದ್ದ ಹಳೆಯ ಮರವಾದರೋ 1876ರ ಬಿರುಗಾಳಿಗೆ ಉರುಳಿತು. ಈಗ ಅಲ್ಲಿರುವುದು ಅದರ ಅನಂತರದ ಪೀಳಿಗೆ. ತವರಿನಲ್ಲಿ ಉರುಳಿದ್ದು ಹೋದ ಮನೆಯಲ್ಲಿ ಉಳಿಯಿತು. ಕಡ್ಡಿ ಕೊಟ್ಟವರಿಗೆ ಮರ ನಷ್ಟವಾಗುವುದಿಲ್ಲ, ಮರದ ಆಯುಷ್ಯ ಹೆಚ್ಚುತ್ತದೆ ಎಂಬ ಮಾತಿಗೆ ಇದಕ್ಕಿಂತ ದೊಡ್ಡ ದೃಷ್ಟಾಂತ ಬೇಕೆ?

ನಮ್ಮ ಪೂರ್ವಿಕರು ಈ ವಿದ್ಯೆಯನ್ನು ಶಾಸ್ತ್ರದ ಮಟ್ಟಕ್ಕೆ ಏರಿಸಿದ್ದರು. ಆರನೆಯ ಶತಮಾನದ ವರಾಹಮಿಹಿರನು ‘ಬೃಹತ್ಸಂಹಿತೆ’ಯ ವೃಕ್ಷಾಯುರ್ವೇದದ ಭಾಗದಲ್ಲಿ ಕಾಂಡದಿಂದ ನೆಡತಕ್ಕ ಮರಗಳ ಒಂದು ಪಟ್ಟಿಯನ್ನೇ ಕೊಡುತ್ತಾನೆ. ದಾಳಿಂಬೆ, ದ್ರಾಕ್ಷಿ, ಮಾದಲ ಮೂರೂ ಆ ಪಟ್ಟಿಯಲ್ಲಿವೆ; ಕಡ್ಡಿಗೆ ಸಗಣಿ ಸವರಿ ನೆಡಬೇಕೆಂಬ ವಿಧಿಯೂ ಇದೆ. ಹಲಸು, ನೇರಳೆಗಳನ್ನೂ ಆತ ಅದೇ ಸಾಲಿಗೆ ಸೇರಿಸಿದ್ದಾನೆ. ಇವೆರಡು ಇಂದಿನ ಹಿತ್ತಿಲಿನಲ್ಲಿ ಅಷ್ಟು ಸುಲಭಕ್ಕೆ ಕಡ್ಡಿಗೆ ಒಲಿಯುವುದಿಲ್ಲ. ಕನ್ನಡದಲ್ಲಿ, ಚಾಲುಕ್ಯ ಜಯಸಿಂಹನ ಕಾಲದ ಚಾವುಂಡರಾಯನು 1025ರ ಸುಮಾರಿಗೆ ಬರೆದ ‘ಲೋಕೋಪಕಾರ’ದಲ್ಲಿ ವೃಕ್ಷಾಯುರ್ವೇದಕ್ಕೆ ಸ್ಥಾನವಿದೆ. ಅಡುಗೆ, ವಾಸ್ತು, ಜಲಶೋಧನೆ, ವೈದ್ಯಗಳ ಜೊತೆಯಲ್ಲಿ ಗಿಡಮರದ ವಿದ್ಯೆಯೂ ಗೃಹಸ್ಥನಿಗೆ ತಿಳಿದಿರಬೇಕಾದದ್ದೆಂದು ಆ ಗ್ರಂಥಕಾರನ ಎಣಿಕೆ. ಇನ್ನೂ ನಮ್ಮ ಮಗ್ಗುಲಿನ ಮಾತೆಂದರೆ ಕೆಳದಿಯ ಬಸವರಾಜನದು. ಚನ್ನಗಿರಿಗೆ ಆ ಹೆಸರು ಬಂದದ್ದು ಕೆಳದಿಯ ಚೆನ್ನಮ್ಮಾಜಿಯಿಂದ ಎಂದು ಜನ ಹೇಳುತ್ತಾರೆ. ಆ ಚೆನ್ನಮ್ಮಾಜಿಯ ದತ್ತುಪುತ್ರನೇ ಈ ಬಸವರಾಜ. 1709ರಲ್ಲಿ ಆತ ಸಂಸ್ಕೃತದಲ್ಲಿ ರಚಿಸಿದ ‘ಶಿವತತ್ತ್ವರತ್ನಾಕರ’ವೆಂಬ ವಿಶ್ವಕೋಶವೂ ವೃಕ್ಷಾಯುರ್ವೇದವನ್ನು ಬಿಟ್ಟಿಲ್ಲ. ಅರಸನು ಬರೆಯಲು ನಾಚದ ವಿಷಯವನ್ನು ಓದುಬರಹ ಬಲ್ಲ ನಾವು ತೋಟದವರ ಕೆಲಸವೆಂದು ದೂರವಿಡುವುದು ಸರಿಯಲ್ಲ.

ಕತ್ತರಿಸಿದ ಕಡ್ಡಿಗೆ ಬೇರು ಬರುವುದು ಹೇಗೆ? ಆ ತುಂಡಿನಲ್ಲಿ ಬೇರಿನ ಗುರುತೇ ಇರುವುದಿಲ್ಲ. ಹುಟ್ಟಬೇಕಾದ ಸ್ಥಳದಲ್ಲಿ ಹುಟ್ಟದೆ ಬೇರೆಡೆ ಹುಟ್ಟುವ ಇಂಥ ಬೇರಿಗೆ ಕನ್ನಡದ ಸಸ್ಯಶಾಸ್ತ್ರ ‘ಆಗಂತುಕ ಬೇರು’ ಎಂದು ಹೆಸರಿಟ್ಟಿದೆ. ಅತಿಥಿಯಂತೆ ಬಂದು ಯಜಮಾನನಾಗಿ ನಿಲ್ಲುವ ಬೇರು ಅದು. ಜರ್ಮನಿಯ ಫ್ಯೋಖ್ಟಿಂಗ್ ಎಂಬ ವಿಜ್ಞಾನಿ 1878ರಲ್ಲಿ ವಿಲೋ ಮರದ ಕಡ್ಡಿಗಳನ್ನು ತೇವದ ಕತ್ತಲೆಯಲ್ಲಿ ತೂಗುಹಾಕಿ ನೋಡಿದ ಪ್ರಯೋಗವನ್ನು ಪ್ರಕಟಿಸಿದ. ನೆಟ್ಟಗೆ ತೂಗಿದರೂ ತಲೆಕೆಳಗಾಗಿ ತೂಗಿದರೂ, ಮರದ ಮೇಲಿದ್ದಾಗ ಯಾವ ತುದಿ ಬುಡದ ಕಡೆಗಿತ್ತೋ ಅದೇ ತುದಿಯಲ್ಲಿ ಬೇರು ಮೂಡಿತು. ಕಡ್ಡಿಗೆ ತನ್ನ ಬುಡ ಯಾವುದು, ತುದಿ ಯಾವುದೆಂಬ ನೆನಪು ಅಳಿಯುವುದಿಲ್ಲ. ಆ ನೆನಪಿನ ಹಿಂದಿರುವ ರಾಸಾಯನಿಕ ಆಕ್ಸಿನ್. ಚಿಗುರಿನಲ್ಲಿ ಹುಟ್ಟಿ ಬುಡದತ್ತ ಇಳಿಯುವ ಈ ದ್ರವ್ಯ, ದಾರಿ ಕಡಿದುಹೋದಾಗ ಕತ್ತರಿಸಿದ ತುದಿಯಲ್ಲಿ ಬಂದು ನಿಲ್ಲುತ್ತದೆ. ಅಲ್ಲಿನ ಜೀವಕೋಶಗಳಿಗೆ ಬೇರಾಗುವ ಪ್ರೇರಣೆ ಕೊಡುತ್ತದೆ. 1935ರಲ್ಲಿ ಅಮೆರಿಕದ ಜಿಮ್ಮರ್‌ಮನ್ ಮತ್ತು ವಿಲ್ಕಾಕ್ಸನ್ ಎಂಬಿಬ್ಬರು ಇಂಡೋಲ್ ಬ್ಯುಟಿರಿಕ್ ಆಮ್ಲವೆಂಬ ಅದರ ಬಂಧುವೂ ಇದೇ ಕೆಲಸವನ್ನು ಮಾಡುತ್ತದೆಂದು ತೋರಿಸಿದರು. ಇಂದು ಗೊಬ್ಬರದ ಅಂಗಡಿಗಳಲ್ಲಿ ಬೇರು ಬರಿಸುವ ಪುಡಿಯೆಂದು ಸಣ್ಣ ಡಬ್ಬಿಯಲ್ಲಿ ಮಾರುವುದು ಬಹುಮಟ್ಟಿಗೆ ಅದನ್ನೇ.

ಇನ್ನು ವಿಧಾನಕ್ಕೆ ಬರೋಣ. ಮೊದಲನೆಯದೂ ಮುಖ್ಯವಾದದ್ದೂ ತಾಯಿಮರದ ಆಯ್ಕೆ. ಎರಡು ಮೂರು ಫಸಲಿನಲ್ಲಾದರೂ ಹಣ್ಣನ್ನು ಕಣ್ಣಾರೆ ಕಂಡು, ತಿಂದು ನೋಡಿದ ಮರವಾಗಿರಬೇಕು. ಎಲೆಯಲ್ಲಿ ಚುಕ್ಕೆಯಿಲ್ಲದ, ತೊಗಟೆಯಲ್ಲಿ ಬಿರುಕಿಲ್ಲದ ಮರವಾಗಿರಬೇಕು. ಅದರಲ್ಲಿ ಕಳೆದ ವರ್ಷ ಬೆಳೆದು ಬಲಿತ, ಪೆನ್ಸಿಲಿನ ದಪ್ಪದ ಕೊಂಬೆಯನ್ನು ಆರಿಸಬೇಕು. ಹಸಿರು ಚಿಗುರು ಕೊಳೆಯುತ್ತದೆ. ಹಳೆಯ ದಪ್ಪ ಕೊಂಬೆ ಮಲಗಿಯೇ ಇರುತ್ತದೆ. ತುಂಡಿನ ಉದ್ದ ಒಂದು ಗೇಣು, ಎಂದರೆ 20ರಿಂದ 25 ಸೆಂಟಿಮೀಟರ್. ಅಷ್ಟರಲ್ಲಿ ನಾಲ್ಕಾರು ಗೆಣ್ಣುಗಳಿರಲಿ. ಅಂಜೂರಕ್ಕೆ ಇನ್ನೂ ಸ್ವಲ್ಪ ಉದ್ದವೂ ದಪ್ಪವೂ ಇದ್ದರೆ ಒಳಿತು. ಬುಡದ ಕಡೆ ಗೆಣ್ಣಿನ ತೀರ ಕೆಳಗೆ ನೇರವಾಗಿಯೂ, ತುದಿಯ ಕಡೆ ಕಣ್ಣಿನ ಮೇಲೆ ಒಂದು ಸೆಂಟಿಮೀಟರ್ ಬಿಟ್ಟು ಓರೆಯಾಗಿಯೂ ಕತ್ತರಿಸಬೇಕು. ಓರೆಯಲ್ಲಿ ನೀರು ನಿಲ್ಲುವುದಿಲ್ಲ. ಅದಕ್ಕಿಂತ ಹೆಚ್ಚಾಗಿ, ನೆಡುವಾಗ ಮೇಲು ಯಾವುದು ಕೆಳಗು ಯಾವುದೆಂಬ ಗೊಂದಲವಿರುವುದಿಲ್ಲ. ಕತ್ತರಿ ಹರಿತವಾಗಿರಲಿ, ಒಂದು ಮರದಿಂದ ಇನ್ನೊಂದಕ್ಕೆ ಹೋಗುವಾಗ ಸ್ಪಿರಿಟ್ಟಿನಿಂದ ಒರೆಸಿಕೊಳ್ಳಿ.

ಬಲಿತ ಕಡ್ಡಿಯ ಎಲೆಗಳನ್ನೆಲ್ಲ ತೆಗೆದುಬಿಡಬೇಕು. ಬೇರಿಲ್ಲದ ತುಂಡಿಗೆ ಎಲೆಯೆಂದರೆ ಆದಾಯವಿಲ್ಲದ ಮನೆಗೆ ನೆಂಟರಿದ್ದಂತೆ. ಇದ್ದ ನೀರೆಲ್ಲ ಅವುಗಳ ಮೂಲಕ ಆರಿಹೋಗುತ್ತದೆ. ಅಂಜೂರದ ಕಡ್ಡಿಯಿಂದ ಹಾಲು ಸೋರುತ್ತದೆ. ಕೆಲವು ಗಂಟೆ ನೆರಳಿನಲ್ಲಿಟ್ಟು ಅದು ಆರಿದ ಮೇಲೆ ನೆಡಬೇಕು. ದಾಳಿಂಬೆಗೆ ಬೇರಿನ ಪುಡಿಯಲ್ಲಿ ಬುಡವನ್ನು ಅದ್ದಿದರೆ ಯಶಸ್ಸು ಹೆಚ್ಚು. ಅಂಜೂರಕ್ಕೂ ಹಿಪ್ಪುನೇರಳೆಗೂ ಅದಿಲ್ಲದೆಯೂ ನಡೆಯುತ್ತದೆ. ಕಡ್ಡಿಯ ಮೂರರಲ್ಲಿ ಎರಡು ಪಾಲು ಮಣ್ಣಿನೊಳಗೆ, ಒಂದು ಪಾಲು ಹೊರಗೆ. ಹೊನ್ನಾಳಿ, ಜಗಳೂರುಗಳ ಎರೆಮಣ್ಣು ಬೆಳೆಗೆ ಎಷ್ಟು ಒಳ್ಳೆಯದಾದರೂ ಕಡ್ಡಿಗೆ ಒಳ್ಳೆಯದಲ್ಲ. ಅದು ನೀರು ಹಿಡಿದು ಬುಡವನ್ನು ಉಸಿರುಗಟ್ಟಿಸುತ್ತದೆ. ಒಂದು ಪಾಲು ಕೆಂಪುಮಣ್ಣು, ಒಂದು ಪಾಲು ದಪ್ಪ ಮರಳು, ಒಂದು ಪಾಲು ಚೆನ್ನಾಗಿ ತೊಳೆದ ತೆಂಗಿನ ನಾರಿನ ಪುಡಿ ಬೆರೆಸಿದರೆ ಸಾಕು. ಗೊಬ್ಬರ ಬೇಡ. ತಳದಲ್ಲಿ ತೂತಿರುವ ಯಾವ ಡಬ್ಬಿಯಾದರೂ ಆದೀತು.

ಕಾಲದ ವಿಷಯದಲ್ಲಿ ಮಾತ್ರ ನಾಲ್ಕು ತಾಲ್ಲೂಕಿಗೂ ಒಂದೇ ಪಂಚಾಂಗ ಸಲ್ಲದು. ಚನ್ನಗಿರಿ, ನ್ಯಾಮತಿಗಳಲ್ಲಿ ಮುಂಗಾರು ಶುರುವಾದೊಡನೆ, ಮೃಗಶಿರದ ಹೊತ್ತಿಗೆ ನೆಡಬಹುದು. ಆದರೆ ಪುನರ್ವಸು, ಪುಷ್ಯದ ಜಡಿಮಳೆ ನೇರವಾಗಿ ಡಬ್ಬಿಗೆ ಬೀಳಬಾರದು. ಸೂರಿನ ಕೆಳಗೆ, ಎರಚಲು ತಾಗದೆಡೆ ಇಡಬೇಕು. ಅಲ್ಲಿ ಕಡ್ಡಿಯ ಶತ್ರು ಬಾಯಾರಿಕೆಯಲ್ಲ, ಕೊಳೆ. ಜಗಳೂರಿನಲ್ಲಿ ಇದರ ವಿರುದ್ಧ. ಅಲ್ಲಿ ಶತ್ರು ಗಾಳಿ. ಆಷಾಢದ ಒಣಗಾಳಿ ಬೀಸುವಾಗ ನೆಡುವುದಕ್ಕಿಂತ ಉತ್ತರೆ, ಹಸ್ತದ ಮಳೆ ಬಂದು ನೆಲವೂ ಗಾಳಿಯೂ ತೇವವಾದಾಗ ನೆಡುವುದು ಲೇಸು. ಕಡ್ಡಿಯ ಮೇಲೆ ಪಾರದರ್ಶಕ ಪ್ಲಾಸ್ಟಿಕ್ ಚೀಲ ಮುಗುಚಿ, ನೆರಳಿನಲ್ಲಿಟ್ಟು, ದಿನಕ್ಕೊಮ್ಮೆ ಬಾಯಿ ತೆರೆದು ಗಾಳಿಯಾಡಿಸಿದರೆ ಕೊಡ ನೀರಿನ ಕೆಲಸವನ್ನು ಒಂದು ಲೋಟ ಮಾಡುತ್ತದೆ. ಹೊನ್ನಾಳಿಯವರು ಈ ಎರಡರ ನಡುವಿನ ಹದವನ್ನು ಹಿಡಿಯಬಹುದು. ದ್ರಾಕ್ಷಿಯದೊಂದೇ ಬೇರೆ ಲೆಕ್ಕ: ಅಕ್ಟೋಬರಿನಲ್ಲಿ ಬಳ್ಳಿ ಸವರಿದಾಗ ಬಿಸಾಡುವ ಕಡ್ಡಿಗಳೇ ನೆಡುವುದಕ್ಕೆ ಪ್ರಶಸ್ತ.

ನೆಟ್ಟ ಮೇಲೆ ಬೇಕಾದದ್ದು ತಾಳ್ಮೆ. ಎರಡು ಮೂರು ವಾರದಲ್ಲಿ ಕಣ್ಣೊಡೆದು ಎಲೆ ಬಿಡುತ್ತದೆ. ನೋಡಿದವರು ಹಿಗ್ಗುತ್ತಾರೆ. ಆದರೆ ಅದು ಕಡ್ಡಿಯೊಳಗೆ ಕೂಡಿಟ್ಟ ಬುತ್ತಿಯಿಂದ ಬಂದ ಎಲೆಯೇ ಹೊರತು ಬೇರಿನ ದುಡಿಮೆಯಿಂದ ಬಂದದ್ದಲ್ಲ. ಬೇರು ಬಂದಿದೆಯೇ ಎಂದು ಕಿತ್ತು ನೋಡುವವರ ಕಡ್ಡಿಗೆ ಎಂದಿಗೂ ಬೇರು ಬರುವುದಿಲ್ಲ. ನಲವತ್ತೈದರಿಂದ ಅರವತ್ತು ದಿನ ಅದನ್ನು ಅದರ ಪಾಡಿಗೆ ಬಿಡಬೇಕು. ಬುತ್ತಿ ಮುಗಿದ ಮೇಲೂ ಎಲೆ ಹಸಿರಾಗಿದ್ದು ಎರಡನೆಯ ಸುತ್ತು ಚಿಗುರು ಬಂದಿತೆಂದರೆ ಕೆಳಗೆ ಬೇರು ಕೆಲಸ ಹಿಡಿದಿದೆಯೆಂದು ತಿಳಿಯಬಹುದು. ಮೂರು ನಾಲ್ಕು ತಿಂಗಳಾದ ಮೇಲೆ ನೆಲಕ್ಕೆ ಇಳಿಸಬಹುದು. ಹತ್ತು ನೆಟ್ಟರೆ ಹತ್ತೂ ಬದುಕುವುದಿಲ್ಲ. ಆರೇಳು ಉಳಿದರೆ ಕೈಗುಣ ಚೆನ್ನಾಗಿದೆಯೆಂದೇ ಅರ್ಥ.

ಎಲ್ಲ ಮರವೂ ಕಡ್ಡಿಗೆ ಒಲಿಯುವುದಿಲ್ಲ ಎಂಬುದನ್ನೂ ಹೇಳಿಬಿಡಬೇಕು. ಹೊಸಬರು ಹಿಪ್ಪುನೇರಳೆಯಿಂದ ಆರಂಭಿಸುವುದು ಒಳ್ಳೆಯದು. ಅದು ಯಾರ ಕೈಯಲ್ಲೂ ಸೋಲುವುದಿಲ್ಲ. ರೇಷ್ಮೆಹುಳುವಿನ ಸೊಪ್ಪೆಂದೇ ಅದನ್ನು ಕಾಣುವ ನಾವು ಅದರ ಕಪ್ಪನೆಯ ಸಿಹಿ ಹಣ್ಣನ್ನು ಮಕ್ಕಳಿಗೆ ಬಿಟ್ಟುಕೊಟ್ಟಿದ್ದೇವೆ. ಅನಂತರ ಅಂಜೂರ, ದ್ರಾಕ್ಷಿ. ಆಮೇಲೆ ದಾಳಿಂಬೆ, ಮಾದಲ. ಸೀಬೆ, ಎಂದರೆ ನಮ್ಮ ಕಡೆಯ ಪೇರಲ, ಕಡ್ಡಿಗೆ ಮುನಿಸಿಕೊಳ್ಳುತ್ತದೆ, ಆದರೆ ಗೂಟಿಗೆ ಒಲಿಯುತ್ತದೆ. ಕೊಂಬೆ ಮರದಲ್ಲಿರುವಾಗಲೇ ಒಂದು ಅಂಗುಲದಷ್ಟು ತೊಗಟೆಯನ್ನು ಉಂಗುರದಂತೆ ತೆಗೆದು, ನೆನೆಸಿದ ಪಾಚಿಯನ್ನು ಸುತ್ತಿ, ಪ್ಲಾಸ್ಟಿಕ್ ಹಾಳೆಯಿಂದ ಬಿಗಿಯಾಗಿ ಕಟ್ಟಿದರೆ ಮಳೆಗಾಲದಲ್ಲಿ ಒಂದೆರಡು ತಿಂಗಳಿಗೆ ಬೇರು ಕಾಣುತ್ತದೆ. ಆಗ ಕೊಂಬೆಯನ್ನು ಕತ್ತರಿಸಿಕೊಳ್ಳುವುದು. ತಾಯಿಯ ಮಡಿಲಲ್ಲಿದ್ದೇ ನಡೆಯಲು ಕಲಿತ ಕೂಸು ಅದು. ಮಾವು, ಹಲಸು, ಸಪೋಟಗಳಿಗೆ ಮಾತ್ರ ಕಸಿಯೇ ದಾರಿ. ಕಸಿ ಕಟ್ಟುವುದು ಇನ್ನೊಂದು ದಿನದ ಭಾಷಣದ ವಿಷಯ.

ಇಷ್ಟು ಹೇಳಿದ ಮೇಲೆ ಒಂದು ಎಚ್ಚರಿಕೆಯನ್ನು ಹೇಳದಿದ್ದರೆ ಮಾತು ಅರ್ಧವಾದೀತು. ಕಡ್ಡಿಯೆಂದರೆ ಮರವೇ ಎಂದೆ. ಹಾಗಾದ ಮೇಲೆ ಮರದ ಗುಣದಂತೆಯೇ ಮರದ ರೋಗವೂ ಕಡ್ಡಿಯೊಡನೆ ಬರುತ್ತದೆ. ಹತ್ತೊಂಬತ್ತನೆಯ ಶತಮಾನದ ಅರವತ್ತರ ದಶಕದಲ್ಲಿ ಅಮೆರಿಕದಿಂದ ತರಿಸಿದ ದ್ರಾಕ್ಷಿಬಳ್ಳಿಗಳ ಜೊತೆಗೆ ಫಿಲಾಕ್ಸೆರಾ ಎಂಬ ಕಣ್ಣಿಗೆ ಕಂಡೂ ಕಾಣದಷ್ಟು ಸಣ್ಣ ಹೇನು ಫ್ರಾನ್ಸಿಗೆ ಬಂತು. ಬೇರನ್ನು ತಿಂದು ತೋಟ ತೋಟಗಳನ್ನೇ ನಾಶಮಾಡಿತು. ಪರಿಹಾರ ಸಿಕ್ಕಿದ್ದೂ ಅಮೆರಿಕದ ಬಳ್ಳಿಯಲ್ಲಿಯೇ: ಆ ಹೇನಿಗೆ ಜಗ್ಗದ ಅಮೆರಿಕದ ಕಾಡುದ್ರಾಕ್ಷಿಯ ಕಡ್ಡಿಗೆ ಬೇರು ಬರಿಸಿ, ಅದರ ಮೇಲೆ ಫ್ರಾನ್ಸಿನ ದ್ರಾಕ್ಷಿಯನ್ನು ಕಸಿ ಕಟ್ಟಿದರು. ಇಂದು ವಿಜಯಪುರ, ಬಾಗಲಕೋಟೆಗಳ ದ್ರಾಕ್ಷಿ ಬೆಳೆಗಾರರು ಮೊದಲು ನೆಡುವ ‘ಡಾಗ್‌ರಿಡ್ಜ್’ ಎಂಬ ಬೇರುಗಿಡವೂ ಅಮೆರಿಕದ ಮೂಲದ್ದೇ, ಕಡ್ಡಿಯಿಂದಲೇ ಬೆಳೆದದ್ದು, ಬರವನ್ನೂ ಚೌಳನ್ನೂ ತಡೆಯುವಂಥದು. ಕೇಡೂ ಕಡ್ಡಿಯೊಡನೆ ಬಂತು, ಪರಿಹಾರವೂ ಕಡ್ಡಿಯಾಗಿಯೇ ಬಂತು.

ದೂರದ ಫ್ರಾನ್ಸಿನ ಮಾತೇಕೆ? ನಮ್ಮ ದಾಳಿಂಬೆಯದೇ ಉದಾಹರಣೆಯಿದೆ. ದುಂಡಾಣು ಅಂಗಮಾರಿಯೆಂಬ ರೋಗ ಭಾರತದಲ್ಲಿ ಮೊದಲು ವರದಿಯಾದದ್ದು 1952ರಲ್ಲಿ, ದೆಹಲಿಯಿಂದ. ಬಹುಕಾಲ ಅದು ಪುಸ್ತಕದ ರೋಗವಾಗಿಯೇ ಇತ್ತು. ಈ ಶತಮಾನದ ಮೊದಲ ದಶಕದಲ್ಲಿ ಅದು ಕರ್ನಾಟಕ, ಮಹಾರಾಷ್ಟ್ರಗಳ ದಾಳಿಂಬೆ ಸೀಮೆಯನ್ನು ಹೊಕ್ಕು ರೈತರ ಕೈಯಿಂದ ತೋಟಗಳನ್ನೇ ಕಿತ್ತು ಹಾಕಿಸಿತು. ಎಲೆಯ ಮೇಲೆ ಎಣ್ಣೆ ಬಿದ್ದಂಥ ಚುಕ್ಕೆ, ಕಾಯಿಯ ಮೇಲೆ ಕಪ್ಪು ಕಲೆ, ಕೊನೆಗೆ ಕಾಯಿ ಸೀಳುವುದು ಅದರ ಲಕ್ಷಣ. ಹೊಸ ಊರಿಗೆ ಅದು ಬರುವ ಮುಖ್ಯ ದಾರಿಗಳಲ್ಲೊಂದು, ರೋಗದ ತೋಟದಿಂದ ತೆಗೆದು ಸಸಿ ಮಾಡಿದ ಕಡ್ಡಿ ಮತ್ತು ಗೂಟಿ. ಕತ್ತರಿಯ ಅಲಗಿನಿಂದಲೂ ಮಳೆಯ ಎರಚಲಿನಿಂದಲೂ ಅದು ಗಿಡದಿಂದ ಗಿಡಕ್ಕೆ ಹಾಯುತ್ತದೆ. 2005ರಲ್ಲಿ ಸೊಲ್ಲಾಪುರದಲ್ಲಿ ಆರಂಭವಾದ ರಾಷ್ಟ್ರೀಯ ದಾಳಿಂಬೆ ಸಂಶೋಧನ ಕೇಂದ್ರ ಈ ರೋಗದೊಡನೆ ಸೆಣಸುತ್ತ ಬಂದಿದೆ. ಹಿತ್ತಿಲಲ್ಲಿ ಒಂದು ಗಿಡ ಹಾಕುವವನಿಗೆ ಇದರಿಂದೇನು ಎನ್ನಬೇಡಿ. ಜಗಳೂರಿನಂಥ ಒಣ ಸೀಮೆಯಲ್ಲಿ ನಿಮ್ಮ ಹಿತ್ತಿಲಿನ ಆಚೆ ಬದಿಯಲ್ಲೇ ಸಾಲ ಮಾಡಿ ನೆಟ್ಟ ಒಬ್ಬನ ದಾಳಿಂಬೆ ತೋಟವಿರಬಹುದು. ಕಡ್ಡಿ ಕೇಳುವವನಿಗೆ ಮರವನ್ನು ನೋಡಿ ಕೇಳುವ ಹೊಣೆ. ಕೊಡುವವನಿಗೆ ತನ್ನ ಮರ ಆರೋಗ್ಯವಾಗಿದ್ದರೆ ಮಾತ್ರ ಕೊಡುವ ಹೊಣೆ. ರೋಗದ ಮರವಿದ್ದರೆ ಇಲ್ಲವೆನ್ನುವುದೇ ಔದಾರ್ಯ.

ಕೊನೆಯದಾಗಿ ಒಂದು ಮಾತು. ನಮ್ಮ ಊರುಗಳಲ್ಲಿ ಹಿತ್ತಿಲುಗಳು ಕಿರಿದಾಗುತ್ತಿವೆ. ಅಣ್ಣತಮ್ಮಂದಿರ ಪಾಲಾದಾಗ ಮೊದಲು ಹೋಗುವುದು ಹಿತ್ತಿಲು. ಹಳೆಯ ಮನೆ ಕೆಡವಿ ಹೊಸದು ಕಟ್ಟುವಾಗ ಕೊಡಲಿ ಬೀಳುವುದು ಹಿತ್ತಿಲಿನ ಮರಕ್ಕೆ. ಭದ್ರೆಯ ನೀರು ಬಂದೆಡೆಯೆಲ್ಲ ಅಡಿಕೆ ಹಬ್ಬಿದೆ. ಅದು ಸಂಸಾರವನ್ನು ಸಾಕಿದೆ ನಿಜ, ಆದರೆ ಒಂದೇ ಮರದ ಸಾಲಿನಲ್ಲಿ ಅಜ್ಜಿ ನೆಟ್ಟ ಮಾದಲಕ್ಕೂ ಬಾವಿಕಟ್ಟೆಯ ಅಂಜೂರಕ್ಕೂ ಜಾಗವಿಲ್ಲ. ಹೆಸರಿಲ್ಲದ, ಯಾವ ಪಟ್ಟಿಯಲ್ಲೂ ಸೇರದ ಎಷ್ಟೋ ಹಣ್ಣುಗಳು ಒಂದೊಂದು ಮನೆಯ ಹಿಂದೆ ಒಂದೊಂದೇ ಮರವಾಗಿ ಉಳಿದಿವೆ. ಅವುಗಳ ರುಚಿಯನ್ನು ಬಲ್ಲವರು ಆ ಮನೆಯವರು ಮಾತ್ರ. ಮರ ಬಿದ್ದ ಮೇಲೆ ಯಾವ ಸಂಶೋಧನಾಲಯವೂ ಆ ಹಣ್ಣನ್ನು ಮರಳಿಸಿಕೊಡಲಾರದು. ಆದರೆ ಬೀಳುವ ಮುನ್ನ ಹತ್ತು ಕಡ್ಡಿ ತೆಗೆದಿಟ್ಟರೆ ಮರ ಬಿದ್ದೂ ಬಿದ್ದಂತಲ್ಲ.

ಆದ್ದರಿಂದ ಕೇಳುಗರಲ್ಲಿ ನನ್ನ ಬಿನ್ನಹ ಇಷ್ಟೆ. ಮನೆ ಕೆಡವುವ ಮೊದಲು, ಹಿತ್ತಿಲು ಪಾಲಾಗುವ ಮೊದಲು, ಒಮ್ಮೆ ಮರದ ಬುಡದಲ್ಲಿ ನಿಂತು ನೋಡಿ. ಆರೋಗ್ಯವಾದ ಮರವಾಗಿದ್ದರೆ ಹತ್ತು ಕಡ್ಡಿ ಕತ್ತರಿಸಿ. ಐದನ್ನು ನೀವು ನೆಟ್ಟು ಐದನ್ನು ನೆರೆಯವರಿಗೋ ನೆಂಟರಿಗೋ ಕೊಡಿ. ಪಾಲಿಗೆ ಕೂತ ಅಣ್ಣತಮ್ಮಂದಿರ ನಡುವೆಯೂ ಜಗಳವಿಲ್ಲದೆ ಹಂಚಿಕೊಳ್ಳಬಹುದಾದ ಆಸ್ತಿ ಇದೊಂದೇ. ಎಷ್ಟು ಪಾಲು ಮಾಡಿದರೂ ಪ್ರತಿಯೊಬ್ಬನಿಗೂ ಇಡೀ ಮರವೇ ಸಿಗುತ್ತದೆ. ನಿಮ್ಮ ಗಿಡ ಒಣಗಿದ ವರ್ಷ, ಕೊಟ್ಟ ಮನೆಗೆ ಹೋಗಿ ಕಡ್ಡಿ ಕೇಳಿ ತರಬಹುದು. ಈ ಮುಂಗಾರಿಗೆ ಒಂದು ಡಬ್ಬಿ, ಒಂದಿಷ್ಟು ಮರಳು, ಒಂದು ಗೇಣು ಕಡ್ಡಿ, ಇಷ್ಟರಿಂದ ಆರಂಭವಾಗಲಿ.

(ಬಾನುಲಿ ಭಾಷಣ)